ಮಸುಕಿಲ್ಲದ ಮುಖ

ಜೀವ ಇರುವುದೆಲ್ಲ ಫೋಟೋದಲ್ಲಿ ಕೂದಲೆಳೆಯಷ್ಟು ಮಸುಕಾಗಿರುತ್ತದೆ. ಎಷ್ಟು ಅಲುಗಾಡದೆ ಕೂತರೂ ಎದೆ ಬಡಿಯುತ್ತದೆ, ಉಸಿರು ಹೆಗಲನ್ನು ಎತ್ತಿ ಇಳಿಸುತ್ತದೆ, ಕಣ್ಣುಗುಡ್ಡೆ ತನ್ನಷ್ಟಕ್ಕೆ ತಾನು ನಡುಗುತ್ತದೆ. ಕ್ಯಾಮೆರಾದ ಬಾಗಿಲು ತೆರೆದು ಮುಚ್ಚುವ ಚೂರು ಹೊತ್ತಿನಲ್ಲಿ ಇದೆಲ್ಲ ಚಿತ್ರದ ಅಂಚಿಗೆ ಒಂದಿಷ್ಟು ಬಳಿದುಕೊಂಡುಬಿಡುತ್ತದೆ. ಫೋಟೋ ತೆಗೆಯುವವರೆಲ್ಲ ಅದನ್ನು ದೋಷ ಅಂದರು. ಧಾರವಾಡದ ಪ್ರಯೋಗಾಲಯವೊಂದು ಅದನ್ನು ಬರಹ ಅಂದಿತು.

ಮಸುಕು ಯಾವ ಕಡೆಗೆ ಹರಿದಿದೆ ಎಂದು ಓದಿದರೆ, ಆ ಮೈ ಮುಂದೆ ಯಾವ ಕಡೆಗೆ ಹೊರಟಿತ್ತು ಎಂದು ಹೇಳಬಹುದು. ಹೊರಟದ್ದು ಎಲ್ಲಿಗೆ ಮುಟ್ಟಿತು ಎಂದು ಲೆಕ್ಕ ಹಾಕಬಹುದು. ಲಕ್ಷಗಟ್ಟಲೆ ಚಿತ್ರ ಓದಿಸಿ ಕಲಿಸಿದ ಮೇಲೆ ಯಂತ್ರ ಯಾವ ಹಳೆಯ ಫೋಟೋ ಕೊಟ್ಟರೂ ಅದರ ಮುಂದಿನ ಕೆಲವು ಕ್ಷಣಗಳನ್ನು ತೋರಿಸತೊಡಗಿತು. ಗೋಡೆಯ ಮೇಲಿನ ಅಜ್ಜಿ ಸೆರಗು ಸರಿಮಾಡಿಕೊಂಡಳು, ಮದುಮಗ ಎಂಜಲು ನುಂಗಿದ. ಪ್ರಯೋಗಾಲಯದವರು ಅದಕ್ಕೆ 'ಮರುಕ್ಷಣ' ಎಂದು ಹೆಸರಿಟ್ಟರು. ಜನ ಉಸುರಿನ ಪೆಟಗಿ ಎಂದರು.

ಯಂತ್ರಕ್ಕೆ ಕಲಿಯಲು ಚಿತ್ರಗಳು ಬೇಕಿದ್ದವು, ಯಾರ ಅಪ್ಪಣೆಗೂ ಕಾಯಬೇಕಿಲ್ಲದಂಥ ಚಿತ್ರಗಳು. ಅವು ರಾಶಿಯಾಗಿ ಸಿಕ್ಕಿದ್ದು ಗುಳೇದಗುಡ್ಡದಿಂದ. ಅಲ್ಲಿ ಡ್ರಾಯಿಂಗ್ ಟೀಚರಾಗಿದ್ದ ನೀಲಗಂಗಾ, ತನ್ನ ತಂದೆ ಈರಸಂಗಪ್ಪ ಜೀವಮಾನವಿಡೀ ತೆಗೆದ ಸ್ಟುಡಿಯೋ ಫೋಟೋಗಳನ್ನು 'ಎಲ್ಲರ ಚಿತ್ರಶಾಲೆ' ಎಂಬ ಹೆಸರಿನಲ್ಲಿ ಅಂತರ್ಜಾಲಕ್ಕೆ ಏರಿಸಿದ್ದಳು. ಯಾರು ಬೇಕಾದರೂ ತೆಗೆದುಕೊಳ್ಳಿ, ಅಚ್ಚು ಹಾಕಿಕೊಳ್ಳಿ, ತಿದ್ದಿ, ಹಂಚಿ. ತೆಗೆದವರ ಹೆಸರೊಂದನ್ನು ಹೇಳಿದರೆ ಸಾಕು. ಕರಾರು ಇಷ್ಟೇ.

ಈರಸಂಗಪ್ಪನಿಗೆ ಅದು ಮನಸ್ಸಿರಲಿಲ್ಲ. "ನೆಗೆಟಿವ್ ಅಂದ್ರ ಸ್ಟುಡಿಯೋದ ಜೀವವಾ. ಒಮ್ಮೆ ಹೊಸ್ತಿಲ ದಾಟಿತಂದ್ರ ತಿರುಗಿ ಬರಂಗಿಲ್ಲ," ಅಂದಿದ್ದ.

"ತಿರುಗಿ ಯಾಕ ಬರಬೇಕಪ್ಪಾ? ಮಠದಾಗ ಪುರಾಣ ಓದತಾರ. ಕೇಳಿದವರು ಯಾರರ ತಿರುಗಿ ಕೊಡತಾರೇನು?" ಎಂದು ಮಗಳು ನಕ್ಕಿದ್ದಳು.

ಚಿತ್ರಶಾಲೆಯ ಮುಖಪುಟಕ್ಕೆ ಅವಳು ಹಾಕಿದ್ದು ತನ್ನ ಅವ್ವನ ಫೋಟೋ. ಕುರ್ಚಿಯಲ್ಲಿ ಕೂತ ಹೆಂಗಸು, ಮಡಿಲಲ್ಲಿ ಐದು ತಿಂಗಳ ಕೂಸು. ಕೂಸು ನೀಲಗಂಗಾ. ಅವ್ವ ಶಾಂತವ್ವ, ಮಗಳಿಗೆ ಎರಡೂವರೆ ತುಂಬಿದಾಗ ಕಾಮಾಲೆಯಾಗಿ ತೀರಿಕೊಂಡಳೆಂದು ಅಪ್ಪ ಹೇಳಿದ್ದ. ಇದ್ದದ್ದು ಅದೊಂದೇ ಫೋಟೋ. ಆದರೆ ಎಂಥ ಫೋಟೋ! ಖಣದ ಕುಪ್ಪಸದ ಎಳೆ ಎಣಿಸಬಹುದು. ಮೂಗುತಿಯ ಮುತ್ತಿನ ಮೇಲೆ ಕಿಟಕಿಯ ಬೆಳಕು ಕೂತದ್ದು ಕಾಣುತ್ತದೆ. ಕೂಸಿನ ಮುಖ ಮಾತ್ರ ಅಲುಗಾಡಿ ಹಾಲಿನಂತೆ ಕದಡಿದೆ. ಸ್ಟುಡಿಯೋದ ಅಷ್ಟೂ ಚಿತ್ರಗಳಲ್ಲಿ ಇಷ್ಟು ಸ್ಪಷ್ಟವಾದ ಮುಖ ಇನ್ನೊಂದಿಲ್ಲವೆಂದು ಅವಳಿಗೆ ಹೆಮ್ಮೆ.

"ಅದೊಂದು ಬ್ಯಾಡಿತ್ತವಾ," ಅಂದಿದ್ದ ಅಪ್ಪ. ದುಃಖ ಹಳೆಯದಾದರೂ ದುಃಖವೇ ಎಂದು ಅವಳು ಸುಮ್ಮನಾಗಿದ್ದಳು.

ಆ ಚಿತ್ರ ಊರು ದಾಟಿತು, ಸಮುದ್ರ ದಾಟಿತು. ಎದೆಹಾಲಿನ ಮಹತ್ವ ಹೇಳುವ ಆಸ್ಪತ್ರೆಯ ಪೋಸ್ಟರಿನಲ್ಲಿ ಶಾಂತವ್ವ ಬಂದಳು. ಕ್ಯಾಲೆಂಡರಿನಲ್ಲಿ, ಹೆರಿಗೆ ಕಿಟ್ಟಿನ ಚೀಲದ ಮೇಲೆ, ಯಾವುದೋ ದೂರದೇಶದ ರೈಲು ನಿಲ್ದಾಣದ ಗೋಡೆಯ ಮೇಲೆ ಎರಡಾಳೆತ್ತರದ ಬಣ್ಣದ ಚಿತ್ರವಾಗಿ ಬಂದಳು. ಯಾರೋ ಗೊತ್ತಿಲ್ಲದ ಭಾಷೆಯಲ್ಲಿ ಅದರ ಕೆಳಗೆ ಈರಸಂಗಪ್ಪನ ಹೆಸರು ಬರೆದಿದ್ದರು. ತಾಯಿ ಎಂದರೆ ಹೇಗಿರಬೇಕು ಎಂದು ಕೇಳಿದವರಿಗೆ ಲೋಕ ಶಾಂತವ್ವನನ್ನು ತೋರಿಸುತ್ತಿತ್ತು.

ಮುಖ ಎಲ್ಲರದ್ದಾಯಿತು. ದನಿ ಮಾತ್ರ ನೀಲಗಂಗಾಳದಾಗಿ ಉಳಿಯಿತು. ದೀಪ ಹಚ್ಚುವ ಹೊತ್ತು, ತೊಟ್ಟಿಲ ತೂಗು, ಯಾರೋ ಷಟ್ಪದಿಯೊಂದನ್ನು ಸಾಲಿನ ಕೊನೆ ಎಳೆದೆಳೆದು ಹೇಳುತ್ತಿದ್ದಾರೆ. ಪದ ಒಂದೂ ನೆನಪಿಲ್ಲ, ಏರಿಳಿತ ಇದೆ. ಅದು ಅವ್ವನ ದನಿ. ಐವತ್ತು ದಾಟಿದ ಮೇಲೂ ನಿದ್ದೆ ಬಾರದಾಗ ಅವಳು ಆ ಏರಿಳಿತದ ಸೆರಗು ಹಿಡಿದೇ ಮಲಗುತ್ತಿದ್ದಳು.

*

ಪ್ರಯೋಗಾಲಯದ ಡಾ. ತಹಸೀನ್ ಸವಣೂರ ಫೋನು ಮಾಡಿದ್ದಳು. "ಗಂಗಕ್ಕಾ, ನಿಮ್ಮ ಊರಿನ ಚಿತ್ರದಾಗ ಒಂದು ತೊಡಕು ಬಂದೈತ್ರಿ. ಬಂದು ಹೋಗ್ರಿ ಒಮ್ಮೆ."

ಧಾರವಾಡದ ಆ ಕೋಣೆಯಲ್ಲಿ ಕಿಟಕಿಗೆಲ್ಲ ಕಪ್ಪು ಬಟ್ಟೆ. ಪರದೆಯ ಮೇಲೆ ತಹಸೀನ್ ಒಂದು ಕುಟುಂಬದ ಚಿತ್ರ ಹಾಕಿದಳು. ಹಿಂದೆ ನಾಲ್ಕು ಗಂಡಸರು, ಕೆಳಗೆ ಚಾಪೆಯ ಮೇಲೆ ಮಕ್ಕಳು, ನಡುವೆ ಕುರ್ಚಿಯಲ್ಲಿ ರುಮಾಲು ಸುತ್ತಿದ ಮುದುಕ.

ಯಂತ್ರ ಮಸುಕನ್ನು ಓದಿತು. ಚಿತ್ರಕ್ಕೆ ಉಸಿರು ಬಂತು. ಚಾಪೆಯ ಮೇಲಿನ ಹುಡುಗಿ ಮೊಣಕಾಲು ಕೆರೆದುಕೊಂಡಳು. ಒಬ್ಬ ಗಂಡಸು ಕಾಲು ಬದಲಿಸಿದ. ಎಲ್ಲರ ರೆಪ್ಪೆಗಳೂ ಒಂದೊಂದಾಗಿ ಬಡಿದವು. ಮುದುಕ ಮಾತ್ರ ಕಣ್ಣು ತೆರೆದುಕೊಂಡು ಹಾಗೆಯೇ ಇದ್ದ.

"ನೋಡ್ರಿ, ನಡಕ ಕುಂತವರಷ್ಟ ಸಿಕ್ಕೊಂಡ ಬಿಡ್ತಾರ," ಅಂದಳು ತಹಸೀನ್. "ನಿಮ್ಮ ಊರಿನ ಚಿತ್ರದಾಗಽ ಹಿಂಗ. ಅದೂ ಕುರ್ಚಿ ಮ್ಯಾಲೆ ಕುಂತವರಿಗೆ. ನಮ್ಮ ಹುಡುಗರು ಕುರ್ಚೀದಽ ತಪ್ಪು ಅಂತ ಕುರ್ಚಿ ಬೆನ್ನ ಹತ್ತ್ಯಾರ."

ನೀಲಗಂಗಾ ಮುದುಕನ ಕೈ ನೋಡಿದಳು. ತೊಡೆಯ ಮೇಲೆ ಯಾರೋ ಇಟ್ಟು ಹೋದಂತೆ ಇತ್ತು. "ಕುರ್ಚೀದಲ್ಲ ತಹಸೀನ. ಅವರು ತೀರಿಕೊಂಡಾರ."

"ಹೌದಲ್ರಿ, ಈಗ ಯಾರ ಇರ್ತಾರ, ಅಷ್ಟು ಹಳೇದು."

"ಈಗಲ್ಲ. ಆಗಽ. ಫೋಟೋ ತಗಿಯೂ ಹೊತ್ತಿಗೆ."

ನೀಲಗಂಗಾ ಬಿಡಿಸಿ ಹೇಳಿದಳು. ತಮ್ಮವರು ಸತ್ತವರನ್ನು ಮಲಗಿಸುವುದಿಲ್ಲ, ಕೂರಿಸುತ್ತಾರೆ, ಕೂತಂತೆಯೇ ಮಣ್ಣಿಗಿಡುತ್ತಾರೆ. ಬಡ ನೇಕಾರರ ಮನೆಯಲ್ಲಿ ಬದುಕಿದ್ದಾಗ ಫೋಟೋ ತೆಗೆಸುವುದು ಆಗಿರುವುದಿಲ್ಲ. ಹೋದ ದಿನವೇ ಸ್ಟುಡಿಯೋದವರನ್ನು ಕರೆಸುತ್ತಾರೆ. ಮುಖ ನೆನಪಿಗೊಂದು ಇರಲಿ ಎಂದು. ಆಮೇಲೆ ಅಪ್ಪ ಸಣ್ಣ ಕುಂಚ ಹಿಡಿದು ಮೂಗಿನ ಅರಳೆ ಅಳಿಸುತ್ತಿದ್ದ, ಕೊರಳ ಹಾರ ಅಳಿಸುತ್ತಿದ್ದ, ಮುಚ್ಚಿದ ರೆಪ್ಪೆಯ ಮೇಲೆ ತೆರೆದ ಕಣ್ಣು ಬರೆಯುತ್ತಿದ್ದ. ನೆಗೆಟಿವ್ ಲಕೋಟೆಯ ಮೇಲೆ ಹೆಸರಷ್ಟೇ. ಸತ್ತದ್ದು ಎಂದು ಯಾರೂ ಬರೆಯುವುದಿಲ್ಲ, ಹಾಗೆ ಬರೆದರೆ ರೆಪ್ಪೆಯ ಮೇಲೆ ಬರೆದ ಕಣ್ಣಿಗೆ ಅರ್ಥವಿಲ್ಲ. ಚಿತ್ರಶಾಲೆಗೆ ಏರಿಸುವಾಗ ತಾನೂ ಬರೆಯಲಿಲ್ಲ. ಬರೆಯಬೇಕೆಂದು ಹೊಳೆಯಲೂ ಇಲ್ಲ.

"ನಮ್ಮಲ್ಲಿ ಮಯ್ಯತ್, ಸತ್ತವರ ಫೋಟೋ ತಗಿಯಂಗಽ ಇಲ್ಲ ಅಕ್ಕಾ," ಅಂದಳು ತಹಸೀನ್, ಮುದುಕನನ್ನೇ ನೋಡುತ್ತ. "ನನಗ ಹೆಂಗ ಹೊಳೀಬೇಕು? ಮಸುಕಽ ಇಲ್ಲ, ಓದಾಕ ಏನೂ ಇಲ್ಲ ಅಂತ ಯಂತ್ರ ದಿನಾ ಹೇಳಾಕತ್ತಿತ್ತು."

"ಅದಕ್ಕಽ ಅವು ಅಷ್ಟು ಛಂದ ಬರ್ತಿದ್ವು. ಅಪ್ಪ ಹೇಳತಿದ್ದ, ಸತ್ತವರಷ್ಟು ಸುಮ್ನ ಯಾರೂ ಕುಂದ್ರಂಗಿಲ್ಲವಾ, ಎಳಿ ಎಳಿ ಬಿದ್ದಿರತೈತಿ..."

ಮಾತು ಅರ್ಧಕ್ಕೆ ನಿಂತಿತು. ಎಳೆ. ಕುಪ್ಪಸದ ಎಳೆ ಎಣಿಸಬಹುದು ಎಂದು ಬಂದವರಿಗೆಲ್ಲ ಹೇಳಿದವಳು ತಾನೇ. ನಗುವಿನಂಥದ್ದು ಏನೋ ಅವಳ ಬಾಯಿಗೆ ಬಂತು. "ಅವ್ವನ ಫೋಟೋ ಹಾಕಿ ನೋಡೀರೇನು?"

"ಇನ್ನ ಇಲ್ಲರಿ," ಅಂದಳು ತಹಸೀನ್. ಅಂದು ಎದ್ದು ಹೋಗಿ ಕಿಟಕಿಯ ಕಪ್ಪು ಬಟ್ಟೆ ಸರಿಸಿದಳು, ಬೇಕಿಲ್ಲದಿದ್ದರೂ.

ಬೆಳಕು ಎದುರಿನ ಗೋಡೆಗೆ ಬಿತ್ತು. ಹಿಂದಿನ ಸಲ ಬಂದಾಗ ಅಲ್ಲಿ 'ಮರುಕ್ಷಣ' ಬಿಡುಗಡೆಯ ದೊಡ್ಡ ಭಿತ್ತಿಚಿತ್ರ ಇತ್ತು, ಶಾಂತವ್ವ ಮತ್ತು ಕೂಸು. ಈಗ ನಾಲ್ಕು ಮೂಲೆಯ ಟೇಪಿನ ತುಂಡುಗಳಷ್ಟೇ ಉಳಿದಿದ್ದವು. ನೀಲಗಂಗಾ ಆ ನಾಲ್ಕು ತುಂಡುಗಳನ್ನು ನೋಡಿದಳು. ಇನ್ನೇನೂ ಕೇಳದೆ ಚೀಲ ತೆಗೆದುಕೊಂಡಳು.

*

ಈರಸಂಗಪ್ಪನ ಕಣ್ಣು ಹೋಗಿ ಆರೇಳು ವರ್ಷವಾಗಿತ್ತು. ಇತರರ ಕಣ್ಣು ಬರೆದು ಬರೆದು ಸವೆಸಿದ ಕಣ್ಣು ಎಂದು ಓಣಿಯವರು ಅನ್ನುತ್ತಿದ್ದರು. ಡಾಕ್ಟರು ಅನ್ನುತ್ತಿದ್ದದ್ದು ಬೇರೆ. ಕಟ್ಟೆಯ ಮೇಲೆ ಕೂತವನಿಗೆ ಚಪ್ಪಲಿ ಸದ್ದಿನಲ್ಲೇ ಮಗಳು ಗೊತ್ತಾದಳು.

"ಬಂದೇನವಾ? ಊಟ?"

"ಅಪ್ಪಾ, ಅವ್ವ ಯಾವಾಗ ತೀರಿಕೊಂಡಳು?"

"ಹೇಳೀನಲ್ಲ."

"ಇನ್ನೊಮ್ಮೆ ಹೇಳು."

ಅವನು ಹೆಗಲ ಮೇಲಿನ ವಸ್ತ್ರ ತೆಗೆದು ಮಡಚಿದ, ಬಿಚ್ಚಿ ಮತ್ತೆ ಮಡಚಿದ. ಪಕ್ಕದ ಮನೆಯ ಮಗ್ಗ ಒಮ್ಮೆ ನಿಂತು ಮತ್ತೆ ಶುರುವಾಯಿತು.

"ಫೋಟೋದವನ ಹೆಂಡ್ತಿಗೆ ಒಂದು ಫೋಟೋ ಇರಲಿಲ್ಲವಾ," ಅಂದ ಕೊನೆಗೆ. "ನಾಳಿ ತಗದರಾತು, ನಾಳಿ ತಗದರಾತು ಅಂತ. ಊರಿನ ಮಂದೀದೆಲ್ಲ ತಗದೆ. ಕೆರೂರಾಗಿದ್ವಿ ಆಗ. ಮುಂಜಾನೆ ಹೋದಳು. ಮಧ್ಯಾಹ್ನ ಕಿಟಕ್ಯಾಗ ಬಿಸಲ ಬಂತು. ಕುರ್ಚ್ಯಾಗ ಕುಂದ್ರಿಸಿದ್ರು. ನಿನ್ನ ನಾನಽ ತಂದು ಅಕಿ ಮಡಲಾಗ ಇಟ್ಟೆ. ಬೀಳಬಾರದಂತ ಸೆರಗಿಲೆ ಕಟ್ಟಿದೆ."

"ಕಣ್ಣು?"

"ಆಮ್ಯಾಲ ಬರದೆ."

ನೀಲಗಂಗಾ ಕಟ್ಟೆಯ ಇನ್ನೊಂದು ತುದಿಗೆ ಕೂತಳು. ಕೇಳಬಾರದೆಂದುಕೊಂಡೇ ಬಂದದ್ದು ಬಾಯಿಗೆ ಬಂತು. "ಮತ್ತ ಆ ಹಾಡು? ದೀಪ ಹಚ್ಚೂ ಹೊತ್ತಿಗೆ ತೊಟ್ಟಲ ಹತ್ರ ಹೇಳತಿದ್ದಳಲ್ಲ?"

"ಯಾವ ಹಾಡು?"

ಅವಳು ಗುನುಗಿದಳು. ಐವತ್ತು ವರ್ಷದಲ್ಲಿ ಮೊದಲ ಸಲ ಅದನ್ನು ಗಂಟಲಿನಿಂದ ಹೊರಗೆ ತಂದದ್ದು. ಏರಿತು, ನಿಂತಿತು, ಸಾಲಿನ ತುದಿಯಲ್ಲಿ ಎಳೆದುಕೊಂಡು ಇಳಿಯಿತು.

ಮುದುಕನ ಮುಖದಲ್ಲಿ ಗುರುತು ಹಿಡಿದ ಕಳೆ ಕಂಡಿತು. ಅದನ್ನು ಮುಚ್ಚಿಕೊಳ್ಳಲು ಅವನಿಗೆ ಆಗಲಿಲ್ಲ. "ಅದು ಮಠದ ಮೈಕಿನ ಕೊಂಬವಾ. ಕೆರೂರ ಬಿಟ್ಟು ಇಲ್ಲಿಗೆ ಬಂದಾಗ ಮಠದ ಹಿಂದಿನ ಖೋಲ್ಯಾಗಿದ್ವಿ. ಶ್ರಾವಣದಾಗ ಪುರಾಣ ಓದತಿದ್ರು, ನೀ ಅಳೂದು ನಿಲ್ಲಸ್ತಿದ್ದಿ. ಕೊಂಬಿನ್ಯಾಗ ಗಂಡಸರ ದನೀನೂ ಸಣ್ಣ ಆಗತೈತಿ."

"ಯಾರ ಓದತಿದ್ರು?"

"ಯಾರ ನೆನಪಿಟ್ಟಾರ? ವರ್ಷಾ ಒಬ್ಬೊಬ್ಬರು."

ಊರಿಗೆಲ್ಲ ಕೇಳಲಿ ಎಂದು ಗಾಳಿಗೆ ಬಿಟ್ಟ ದನಿ. ಯಾರು ಬೇಕಾದರೂ ತೆಗೆದುಕೊಳ್ಳಬಹುದಿತ್ತು. ಒಂದು ಕೂಸು ಅದರಿಂದ ಅವ್ವನನ್ನು ಮಾಡಿಕೊಂಡಿತ್ತು.

*

ಉಸುರಿನ ಪೆಟಗಿ ಅಂಗಡಿಗೆ ಬಂತು. ಗುಳೇದಗುಡ್ಡದವರಿಗೆ ತಮ್ಮ ಚಿತ್ರಗಳಿಂದ ಕಲಿತ ಯಂತ್ರ ಎಂಬ ಅಭಿಮಾನ, ಮನೆಮನೆಗೂ ತಂದರು. ಪೆಟ್ಟಿಗೆಯನ್ನು ಚೌಕಟ್ಟಿನ ಎದುರು ಇಟ್ಟರೆ ಗಾಜಿನ ಮೇಲೆಯೇ ಚಿತ್ರ ಚಲಿಸುತ್ತಿತ್ತು. ಒಂದು ವಾರ ಊರಲ್ಲಿ ಜಾತ್ರೆಯ ಗಲಾಟೆ. ಆಮೇಲೆ ಒಂದೊಂದೇ ಮನೆಯಲ್ಲಿ ಮಾತು ಸಣ್ಣದಾಯಿತು. ಪಡಸಾಲೆಯ ಚೌಕಟ್ಟುಗಳು ಗೋಡೆಗೆ ಮುಖ ಮಾಡಿದವು. ಹಿರಿಯರಿಗೆ ಗೊತ್ತಿತ್ತು, ಕಿರಿಯರಿಗೆ ಹೇಳಿರಲಿಲ್ಲ. ಮುತ್ಯಾನ ತೊಡೆಯ ಮೇಲೆ ಕೂತು ತೆಗೆಸಿದ ಫೋಟೋ ಎಂದು ಅಷ್ಟು ವರ್ಷ ಹೇಳಿಕೊಂಡವನಿಗೆ ತಾನು ಕೂತದ್ದು ಯಾವುದರ ಮೇಲೆ ಎಂದು ಗೊತ್ತಾಯಿತು.

ಖಣದ ಮಗ್ಗದ ಸಂಕಪ್ಪ ತನ್ನ ಪೆಟ್ಟಿಗೆಯನ್ನು ಟವಲಿನಲ್ಲಿ ಸುತ್ತಿ ತಂದು ನೀಲಗಂಗಾಳ ಕಟ್ಟೆಯ ಮೇಲೆ ಕುಕ್ಕಿದ. "ನನ್ನ ಮೊಮ್ಮಗಳು ರಾತ್ರಿ ಚೀರತಾಳ, ಫೋಟೋದಾಗಿನ ಮುತ್ಯಾ ಯಾಕ ಅಳಗ್ಯಾಡವಲ್ಲ ಅಂತ. ನಿಮ್ಮಪ್ಪ ಛಂದಂಗಿ ಮುಚ್ಚಿಟ್ಟಿದ್ದನ್ನ ನೀ ಅಗದ ತಗದಿಯಲ್ಲಾ ಟೀಚರ. ಎಲ್ಲಾರ್ದು, ಎಲ್ಲಾರ್ದು ಅಂತ ಹಂಚಿದಿ. ಹೆಣಾ ಎಲ್ಲಾರ್ದೂ ಆಗತಾವೇನು?"

ನೀಲಗಂಗಾಳ ಮನೆಯ ಗೋಡೆಯ ಮೇಲಿನ ಚಿತ್ರದ ಮುಂದೆ ಪೆಟ್ಟಿಗೆ ಇಡಲು ಅವಳಿಗೇ ಧೈರ್ಯ ಬಂದಿರಲಿಲ್ಲ.

ಪೆಟ್ಟಿಗೆಗಳು ಅಂಗಡಿಗೆ ವಾಪಸಾಗತೊಡಗಿದ ಮೇಲೆ ತಹಸೀನ್ ಊರಿಗೆ ಬಂದಳು. ಮಠದ ಪ್ರಸಾದದ ಸಾಲೆಯಲ್ಲಿ ಸಭೆ ಸೇರಿತು. ಅವಳು ತಂದದ್ದು ಒಂದು ತಿದ್ದುಪಡಿ. ಮುಖದಲ್ಲಿ ಮಸುಕು ಇಲ್ಲದಿದ್ದರೆ ಯಂತ್ರ ಬೇರೆ ಚಿತ್ರಗಳಿಂದ ಒಂದು ಉಸಿರು, ಒಂದು ರೆಪ್ಪೆಬಡಿತ ಕಡ ತಂದು ಅಲ್ಲಿಗೆ ಕೂರಿಸುತ್ತದೆ. ಪೆಟ್ಟಿಗೆ ಮಾರುವ ಕಂಪನಿಯ ಯಜಮಾನರ ಅಪ್ಪಣೆ.

"ಬ್ಯಾಡ ಅನ್ನೂದಾದ್ರ ಚಿತ್ರಶಾಲೀ ಒಳಗ ಆ ಚಿತ್ರಕ್ಕ 'ಮೃತರು' ಅಂತ ಗುರುತು ಹಾಕ್ರಿ. ಗುರುತು ಇದ್ದದ್ದನ್ನ ಯಂತ್ರ ಮುಟ್ಟಂಗಿಲ್ಲ. ಆದ್ರ ಗುರುತು ಎಲ್ಲಾರಿಗೂ ಕಾಣತೈತಿ." ತಹಸೀನ್ ತಲೆ ಎತ್ತದೆ ಹೇಳಿದಳು. "ನನ್ನ ಕೇಳಿದ್ರ ಗುರುತು ಹಾಕೂದಽ ಖರೇ."

"ಖರೇ ತಗೊಂಡು ಏನ್ ಮಾಡೂದೈತಿ ತಂಗೀ?" ಅಂದ ಸಂಕಪ್ಪ. "ಈರಸಂಗಪ್ಪಣ್ಣ ಕಣ್ಣು ತೆರದಾ. ನಿಮ್ಮ ಯಂತ್ರ ಒಂದೀಟು ರೆಪ್ಪಿ ಬಡಸ್ಲಿ. ಅದರಾಗೇನ್ ಪಾಪ?"

ಮೂಲೆಯಲ್ಲಿ ಕೂತಿದ್ದ ಮುದುಕಿ ಬಸಲಿಂಗವ್ವ ಎಲೆಅಡಿಕೆ ಕೆನ್ನೆಗೆ ಒತ್ತರಿಸಿದಳು. "ನನ್ನ ಗಂಡ ಇದ್ದಾಗ ಒಮ್ಮೆರ ನನ್ನ ಕಡೆ ನೋಡಿ ಕಣ್ ಹೊಡದಾವಲ್ಲ. ಈಗರ ಹೊಡೀಲಿ ಬಿಡ್ರಿ."

ಸಾಲೆಯೆಲ್ಲ ನಕ್ಕಿತು. ನಕ್ಕದ್ದರಲ್ಲೇ ತೀರ್ಮಾನವಾಯಿತು, ಯಾರ ಚಿತ್ರಕ್ಕೂ ಗುರುತು ಬೇಡ. ಬಸಲಿಂಗವ್ವ ಮಾತ್ರ ನಗು ಮುಗಿದ ಮೇಲೆ ಸೆರಗಿನಿಂದ ಮೂಗು ಒರೆಸಿಕೊಂಡಳು.

ಹೊರಗೆ ಬೇವಿನ ಮರದ ಕೆಳಗೆ ತಹಸೀನ್ ಅಂದಳು. "ಅವತ್ತು ಸುಳ್ಳು ಹೇಳಿದೆ ಅಕ್ಕಾ. ನಿಮ್ಮ ಅವ್ವಂದು ಹಾಕಿ ನೋಡಿದ್ದೆ."

"ಗೊತ್ತಾತು."

"ನಿಮ್ಮದಕ್ಕ ಏನ್ ಮಾಡ್ಲಿ? ಜಗತ್ತೆಲ್ಲ ಅದನ್ನಽ ಮೊದಲ ಹಾಕಿ ನೋಡತೈತಿ."

"ಅಪ್ಪನ್ನ ಕೇಳಬೇಕು."

ತಹಸೀನ್ ಒಂದು ಪೆಟ್ಟಿಗೆ ಅವಳ ಕೈಗಿಟ್ಟಳು. ಅದರಲ್ಲಿ ತಿದ್ದುಪಡಿ ಹಾಕಿದ್ದೂ ಇತ್ತು, ಹಾಕದ್ದೂ ಇತ್ತು.

*

ಸಂಜೆ ಈರಸಂಗಪ್ಪ ಪೂಜೆ ಮುಗಿಸಿ, ಹಣೆಯ ವಿಭೂತಿ ಇನ್ನೂ ಹಸಿಯಿರುವಾಗ ಪಡಸಾಲೆಗೆ ಬಂದ. ಮಗಳು ಕುರ್ಚಿ ಎಳೆದು ಚಿತ್ರದ ಎದುರು ಕೂರಿಸಿದಳು. ಪೆಟ್ಟಿಗೆಯನ್ನು ಸ್ಟೂಲಿನ ಮೇಲಿಟ್ಟಳು.

"ಮೊದಲ ಇದ್ದದ್ದು ಇದ್ದಂಗ," ಅಂದಳು.

"ನನಗೇನು ಕಾಣತೈತಿ. ನೀ ಹೇಳತಾ ಹೋಗು."

ಗಾಜಿನ ಮೇಲೆ ಬೆಳಕು ಒಮ್ಮೆ ತೇಲಿ ನಿಂತಿತು. ಮೊದಲು ಕಿಟಕಿಯ ಪರದೆ ಅಲುಗಿತು.

"ಪರದೆ ಹಾರಾಕತ್ತೈತಿ ಅಪ್ಪಾ."

"ಗಾಳಿ ಇತ್ತು ಅವತ್ತು. ಅಕಿ?"

"ಹಂಗಽ ಅದಾಳ."

"ಹೂಂ."

"ಕೂಸು ಎದ್ದೈತಿ."

ಕೂಸಿನಲ್ಲಿ ಮಸುಕು ಬಹಳವಿತ್ತು, ಯಂತ್ರಕ್ಕೆ ಓದಲು ಬೇಕಾದಷ್ಟಿತ್ತು. ಕದಡಿದ ಹಾಲು ತಿಳಿಯಾಗಿ ಅದರೊಳಗಿಂದ ಒಂದು ಮುಖ ಬಂತು. ನೀಲಗಂಗಾ ತನ್ನ ಆ ಮುಖವನ್ನು ಎಂದೂ ಕಂಡಿರಲಿಲ್ಲ. ಕೂಸು ಕತ್ತು ತಿರುಗಿಸಿತು. ಖಣದ ಕುಪ್ಪಸಕ್ಕೆ ಕೆನ್ನೆ ಒತ್ತಿತು. ಬಾಯಿ ತೆರೆದು ಅತ್ತ ಇತ್ತ ಹುಡುಕಿತು. ಸಿಗದೆ ಮುಷ್ಟಿಯಿಂದ ಎದೆಯನ್ನು ಒಮ್ಮೆ ಬಡಿ‌ಯಿತು. ತಲೆ ಎತ್ತಿ ಮೇಲೆ ನೋಡಿತು. ಮೇಲಿನ ಎರಡು ಕಣ್ಣು ತೆರೆದೇ ಇದ್ದವು, ಕ್ಯಾಮೆರಾದ ಕಡೆಗೆ.

"ಕೂಸು ಏನ್ ಮಾಡಾಕತ್ತೈತಿ?"

ಅವಳು ಗಾಜಿಗೆ ಇನ್ನಷ್ಟು ಹತ್ತಿರ ಬಾಗಿದಳು.

"ಗಂಗವ್ವಾ?"

"ಹಸದೈತಿ," ಅಂದಳು.

ಈರಸಂಗಪ್ಪ ತಲೆದೂಗಿದ. ಅಂದು ಕ್ಯಾಮೆರಾದ ಕರಿಬಟ್ಟೆಯೊಳಗೆ ತಲೆ ಹಾಕಿ ಅವನು ಇದನ್ನು ನೋಡಿದ್ದ. ಬಟ್ಟೆಯೊಳಗೆ ಅತ್ತದ್ದು ಯಾರಿಗೂ ಕಂಡಿರಲಿಕ್ಕಿಲ್ಲ. "ಇನ್ನೊಂದು ಹಾಕು," ಅಂದ. ದನಿಯಲ್ಲಿ ನಾಚಿಕೆಯಂಥದ್ದಿತ್ತು. "ರೆಪ್ಪಿ ಬಡಿತಾರ ಅಂತಾರಲ್ಲ, ಅದು."

ಅವಳು ಗುಂಡಿ ಒತ್ತಿದಳು. ಪರದೆ ಮತ್ತೆ ಹಾರಿತು. ಈ ಸಲ ಕುಪ್ಪಸ ಉಸಿರಿಗೆ ಏರಿತು. ಶಾಂತವ್ವನ ಕುತ್ತಿಗೆಯಲ್ಲಿ ಗುಂಡಿನ ಸರ ಮಿನುಗಿತು. ಕೂಸು ಮೇಲೆ ನೋಡಿದಾಗ ಅವಳು ರೆಪ್ಪೆ ಬಡಿದಳು. ನೀಲಗಂಗಾಳಿಗೆ ಸುಳ್ಳು ಎಂದು ಗೊತ್ತಿದ್ದ ಸುಳ್ಳಿಗೂ ಕಣ್ಣು ತುಂಬಿಬಂತು.

"ಬಡದಳಪ್ಪಾ! ಅವ್ವ ರೆಪ್ಪಿ ಬಡದಳು!"

ಮುದುಕ ಕುರ್ಚಿಯ ಕೈ ಹಿಡಿದು ಮುಂದೆ ಬಾಗಿದ. "ಎರಡೂ ಕೂಡೇ ಬಡದ್ವೇನು?"

"ಅಂದ್ರ?"

"ಎರಡೂ ರೆಪ್ಪಿ. ಒಮ್ಮೆಲೆ ಬಡದ್ವೋ, ಹಿಂದ ಮುಂದೋ?"

ಅವಳು ಮತ್ತೆ ಹಾಕಿ ನೋಡಿದಳು. "ಕೂಡೇ ಅಪ್ಪಾ. ಒಮ್ಮೆಲೇ."

ಅವನು ಹಿಂದಕ್ಕೆ ಒರಗಿದ. "ಹಂಗಾರ ಅಕಿ ಅಲ್ಲ ಬಿಡು," ಅಂದ. "ಅಕೀದು ಎಡಗಣ್ಣು ಒಂದೀಟು ತಡಾ ಮುಚ್ಚತಿತ್ತು. ಬಲದ್ದು ಮೊದಲ, ಆಮ್ಯಾಲ ಎಡದ್ದು. ಹುಡುಗ್ಯಾರು ಚಾಷ್ಟಿ ಮಾಡತಿದ್ರು. ಕುಂಚದಾಗ ಎಲ್ಲಾ ಬರದೆ ನಾ, ಅದೊಂದು ಬರಿಯಾಕ ಬರಲಿಲ್ಲ."

ಗಾಜಿನ ಮೇಲೆ ಹೆಂಗಸು ಮತ್ತೆ ಮತ್ತೆ ರೆಪ್ಪೆ ಬಡಿಯುತ್ತಿದ್ದಳು, ಯಾರಾರದೋ ರೆಪ್ಪೆ. ನೀಲಗಂಗಾ ಪೆಟ್ಟಿಗೆ ಆರಿಸಿದಳು.

"ಆ ಕಣ್ಣ ನಾ ಬರದದ್ದು ನಿನಗೊಬ್ಬಾಕಿಗೆ," ಅಂದ ಈರಸಂಗಪ್ಪ. "ನಿನಗ ಒಬ್ಬಾಕಿಗೆ ಅಂತ ಹೇಳಿದ ಸುಳ್ಳಾಗಿತ್ತು ಅದು. ಜಗತ್ತಿಗೆ ಹೇಳೂವಷ್ಟು ದೊಡ್ಡಾಂವ ನಾ ಅಲ್ಲವಾ."

*

ಅವಳು ಗುರುತು ಹಾಕಿದಳು. ಊರಿನವರ ಯಾವ ಚಿತ್ರಕ್ಕೂ ಅಲ್ಲ, ಅದೊಂದಕ್ಕೇ. ಕೆಳಗೆ ಬರೆದಳು: 'ತಾಯಿ ಮೃತಳು. ಕಣ್ಣು ಅವಳ ಗಂಡ ಬರೆದದ್ದು. ಕೂಸು ನಾನು. ಯಾರು ಬೇಕಾದರೂ ತೆಗೆದುಕೊಳ್ಳಬಹುದು.'

ಯಾರೂ ತೆಗೆದುಕೊಳ್ಳಲಿಲ್ಲ. ಕ್ಯಾಲೆಂಡರಿನವರು ಬೇರೆ ತಾಯಿಯನ್ನು ಹುಡುಕಿಕೊಂಡರು. ಹೆರಿಗೆ ಕಿಟ್ಟಿನ ಚೀಲದ ಮೇಲೆ ಚಿತ್ರ ಇಲ್ಲವಾಯಿತು. ದೂರದೇಶದ ರೈಲು ನಿಲ್ದಾಣದ ಗೋಡೆಗೆ ಯಾರೋ ಬಿಳಿ ಬಣ್ಣ ಹೊಡೆದ ಸುದ್ದಿಯನ್ನು ತಹಸೀನ್ ಕಳಿಸಿದಳು. ಬೈದು ಬರೆದವರಿದ್ದರು, ಅತ್ತು ಬರೆದವರಿದ್ದರು. ಕ್ರಮೇಣ ಬರೆಯುವವರೂ ನಿಂತರು. ಊರಲ್ಲಿ ಮಾತ್ರ ಪಡಸಾಲೆಯ ಚೌಕಟ್ಟುಗಳು ಮತ್ತೆ ಮುಖ ತಿರುಗಿಸಿದವು. ಮುತ್ಯಾಗಳು ಉಸಿರಾಡಿದರು. ಸಂಕಪ್ಪನ ಮೊಮ್ಮಗಳು ನಿದ್ದೆ ಮಾಡತೊಡಗಿದಳು. ಅವನು ದಾರಿಯಲ್ಲಿ ಸಿಕ್ಕರೆ ನೀಲಗಂಗಾಳನ್ನು ಮಾತಾಡಿಸುತ್ತಿರಲಿಲ್ಲ. ಅವಳು ಬರೆದ ಒಂದು ಸಾಲಿನಿಂದ ತನ್ನ ಮನೆಯ ಗೋಡೆಯೂ ಸುಳ್ಳಾಯಿತೆಂಬ ಸಿಟ್ಟು.

ಆಸ್ಪತ್ರೆಯ ನರ್ಸಮ್ಮ ಪೋಸ್ಟರನ್ನು ಸುರುಳಿ ಸುತ್ತಿ ತಾನೇ ತಂದುಕೊಟ್ಟಳು. "ತಪ್ಪು ತಿಳೀಬ್ಯಾಡ್ರಿ ಟೀಚರ. ಬಾಣಂತ್ಯಾರು ನೋಡತಾರ, ಅಪಶಕುನ ಅಂತಾರ. ಒಗಿಯಾಕ ಮನಸ ಬರಲಿಲ್ಲ."

ನೀಲಗಂಗಾ ಸುರುಳಿ ಬಿಚ್ಚಿದಳು. ನಾಲ್ಕು ಮೂಲೆಯಲ್ಲಿ ಮೊಳೆಯ ತೂತು. ಹೊಸ್ತಿಲು ದಾಟಿದ್ದು ತಿರುಗಿ ಬರುವುದಿಲ್ಲ ಎಂದಿದ್ದ ಅಪ್ಪ. ಬಂದಿತ್ತು. ಎಲ್ಲರಿಗೂ ಬೇಡವಾಗಿ ಅವ್ವ ಅವಳೊಬ್ಬಳಿಗೇ ಉಳಿದಿದ್ದಳು.

ಅಪ್ಪ ಕಟ್ಟೆಯ ಮೇಲಿದ್ದ. ಅವಳು ಹೋಗಿ ಅವನ ಕಾಲ ಬಳಿ ಕೂತಳು. ಎಷ್ಟೋ ದಿನದಿಂದ ಕನ್ನಡಿಯ ಮುಂದೆ ನಿಂತು ಸೋತಿದ್ದಳು. ತನ್ನ ರೆಪ್ಪೆ ಮುಚ್ಚುವುದನ್ನು ಕನ್ನಡಿಯಲ್ಲಿ ಯಾರೂ ನೋಡಲಾರರು. ಮುಚ್ಚಿದ ಹೊತ್ತಿಗೆ ನೋಡುವ ಕಣ್ಣೇ ಇರುವುದಿಲ್ಲ.

"ಅಪ್ಪಾ, ನಂದು ಹೆಂಗ ಮುಚ್ಚತಾವು?"

"ನನಗ ಕಾಣಂಗಿಲ್ಲವಾ."

"ಕಾಣತಿದ್ದಾಗ?"

"ನೋಡಿರಲಿಲ್ಲ." ಮುಖವನ್ನು ಓಣಿಯ ಕಡೆಗೆ ತಿರುಗಿಸಿ ಅಂದ, "ನೋಡಾಕ ಅಂಜಿಕಿ ಬರತಿತ್ತು."

ಅವನು ಕೈ ಚಾಚಿದ. ಅವಳ ಹಣೆ ಸಿಕ್ಕಿತು, ಹುಬ್ಬು ಸಿಕ್ಕಿತು. ಎರಡು ಬೆರಳ ತುದಿಗಳನ್ನು ಅವಳ ಎರಡು ರೆಪ್ಪೆಗಳ ಮೇಲಿಟ್ಟ. ಎಂಬತ್ತು ಸಮೀಪಿಸಿದ ಬೆರಳು, ಆದರೆ ನಡುಕವಿರಲಿಲ್ಲ.

"ಬಡಿ."

ಅವಳು ಬಡಿದಳು.

"ಇನ್ನೊಮ್ಮೆ."

ಬಡಿದಳು. ಬೆರಳು ಅಲ್ಲಿಯೇ ನಿಂತವು. ಮಗ್ಗದ ಸದ್ದು ಬರುತ್ತಿತ್ತು.

"ಎಡದ್ದು," ಅಂದ ಈರಸಂಗಪ್ಪ, "ಒಂದೀಟು ತಡಾ ಐತಿ."

ನೀಲಗಂಗಾ ಕಣ್ಣು ಮುಚ್ಚಿಕೊಂಡೇ ಕೂತಳು. ಉಳಿದವರ ಸಮಾಧಾನಕ್ಕಾಗಿ ಇಲ್ಲದ ಕಣ್ಣನ್ನು ಬರೆದುಕೊಟ್ಟ ಕೈ ಅದು. ಖರೆ ಹೇಳಿತೋ, ಮತ್ತೊಮ್ಮೆ ಬರೆಯಿತೋ ಗೊತ್ತಾಗಲಿಲ್ಲ. ಫೋನು ಕಟ್ಟೆಯ ಮೇಲೆ ಪಕ್ಕದಲ್ಲೇ ಇತ್ತು. ಎತ್ತಿ ಮುಖದ ಮುಂದೆ ಹಿಡಿದು ರೆಪ್ಪೆ ಬಡಿಯುವುದನ್ನು ವಿಡಿಯೋ ಮಾಡಿದರೆ ಒಂದು ಕ್ಷಣದಲ್ಲಿ ತಿಳಿಯುತ್ತಿತ್ತು.

ಅವಳು ಅದನ್ನು ಬೋರಲು ಮಾಡಿ ಇಟ್ಟಳು.